ತಲೆ ಕಾಣದ ಕುರಿಗಳು

“ಮಾಸ್ತರ್ರ, ಈ ಕುರಿ ಅಳಾಕತ್ತಿಲ್ರಿ,” ಎಂದ ಪಕ್ಕದಲ್ಲಿ ಕುಳಿತ ಕುರಿಗಾರ ಅಜ್ಜ, ನನ್ನ ತೊಡೆಯ ಮೇಲಿನ ಪುಸ್ತಕಕ್ಕೆ ಬೆರಳಿಟ್ಟು.

ಮೈಂದರ್ಗಿಯ ಬೇವಿನ ಮರದಡಿ ಇಬ್ಬರೂ ಅಕ್ಕಲಕೋಟೆಯ ಬಸ್ಸು ಕಾಯುತ್ತಿದ್ದೆವು. ನಾನು ಡ್ರಾಯಿಂಗ್ ಮಾಸ್ತರ. ಚಿತ್ರ ನೋಡುವ ಬಗೆ ಕಲಿಸುವ ಆ ಮರಾಠಿ ಪುಸ್ತಕವನ್ನು ಸೋಲಾಪುರದಿಂದ ತಂದು, ಮರುದಿನದ ಪಾಠಕ್ಕೆಂದು ಬಾಯಿಪಾಠ ಮಾಡುತ್ತಿದ್ದೆ. ಅದರಲ್ಲೊಂದು ಕುರಿಹಿಂಡಿನ ಚಿತ್ರ. ಒಂದು ಕುರಿಯ ತಲೆಯೂ ಕಾಣದು. ದುಃಖವನ್ನು ಸೂಚಿಸಲೆಂದೇ ಕಲಾವಿದ ತಲೆಗಳನ್ನು ಮರೆಮಾಡಿದ್ದಾನೆಂದು ಕೆಳಗೆ ಅಚ್ಚಾಗಿತ್ತು. ಅದನ್ನೇ ಅಜ್ಜನಿಗೆ ತುಸು ಜಂಬದಿಂದ ಕನ್ನಡದಲ್ಲಿ ಹೇಳಿದ್ದೆ.

“ಹೊತ್ತು ನೆತ್ತಿಮ್ಯಾಲ ಬಂದೈತಿ. ಬಿಸಲಿಗೆ ಒಂದರ ಹೊಟ್ಟಿ ನೆಳ್ಳಾಗ ಇನ್ನೊಂದು ತಲಿ ಇಟ್ಟೈತಿ, ಅಷ್ಟ. ಇದನ್ನ ತಗದಾಂವ ಹಿಂಡಿನ ಸಂಗಾಟ ನಿಂತಾನ್ರಿ,” ಎಂದ ಅಜ್ಜ.

ಮತ್ತೆ ನೋಡಿದೆ. ಕುರಿಗಳ ನೆರಳು ಕಾಲಬುಡದಲ್ಲೇ ಮುದುಡಿ ಬಿದ್ದಿತ್ತು. ಎಂಟು ದಿನದಿಂದ ಅದೇ ಪುಟವನ್ನು ಓದುತ್ತಿದ್ದರೂ ಆ ನೆರಳು ನನ್ನ ಕಣ್ಣಿಗೆ ಬಿದ್ದಿರಲಿಲ್ಲ.

ಮರುದಿನ ಚಿತ್ರದ ಕೆಳಗಿನ ಸಾಲುಗಳ ಮೇಲೆ ಕಾಗದ ಅಂಟಿಸಿ ಪುಸ್ತಕವನ್ನು ಮಕ್ಕಳ ಕೈಗೆ ಕೊಟ್ಟೆ. ಏನು ಕಾಣುತ್ತದೆ ಎಂದಷ್ಟೇ ಕೇಳಿದೆ. ಆ ಕಾಗದವನ್ನು ನಾನು ಇಂದಿಗೂ ಕಿತ್ತಿಲ್ಲ.