ಏಳೂವರೆಯ ಎದುರು ಚಾನೆಲ್

ಸಾಲಿಗ್ರಾಮದ ಕೋದೈ ಬರೆದ ತಮಿಳು ಟೀವಿ ಧಾರಾವಾಹಿಯನ್ನು ಅವಳ ಬೀದಿಯೆಲ್ಲ ನೋಡುತ್ತಿತ್ತು, ಹೆತ್ತ ತಾಯಿ ರಾಜಾಮಣಿಯಮ್ಮ ಮಾತ್ರ ನೋಡುತ್ತಿರಲಿಲ್ಲ. ಸಂಜೆ ಏಳೂವರೆಗೆ ಕಡಲೆ ಸುಂಡಲ್ ಬಟ್ಟಲು ಹಿಡಿದು ಕೂತರೆ ಅವರು ಹಾಕುತ್ತಿದ್ದದ್ದು ಎದುರು ಚಾನೆಲ್. ಅಲ್ಲಿಯ ಧಾರಾವಾಹಿ ಬರೆಯುತ್ತಿದ್ದವಳು ಪೂಂಗೊಡಿ. ಅವಳು ಕೋದೈಯ ಕೈಕೆಳಗೇ ಕಸುಬು ಕಲಿತವಳು. ಅಮ್ಮ ಅವಳ ಕಥೆಗೆ ಕಣ್ಣೊರೆಸಿಕೊಂಡಾಗಲೆಲ್ಲ ಕೋದೈಯ ಹೊಟ್ಟೆಗೆ ಬೆಂಕಿ ಬೀಳುತ್ತಿತ್ತು.

ಕೋದೈ ಈ ಧಾರಾವಾಹಿ ಲೋಕಕ್ಕೆ ಬಂದದ್ದು ಕ್ಯಾಮೆರಾ ಪಕ್ಕ ನಿಂತು ಮಾತು ಹೇಳಿಕೊಡುವವಳಾಗಿ. ಬೆಂಗಳೂರಿನಿಂದ ಬಂದ ನಾಯಕಿಯರಿಗೆ ತಮಿಳು ಬಾರದು. ಇವಳು ಹೇಳಿದಂತೆ ತುಟಿ ಆಡಿಸಿ ಅವರು ಪ್ರಶಸ್ತಿ ಹೊತ್ತುಕೊಂಡು ಹೋದರು. ಆಮೇಲೆ ಸಂಭಾಷಣೆ ಬರೆಯುವ ಕೆಲಸ ಸಿಕ್ಕಿತು. ಚಾನೆಲ್‌ನವರು ಅತ್ತೆ ಹಾಲಿಗೆ ವಿಷ ಹಾಕಬೇಕೆಂದರೆ ಹಾಕಿಸಿದಳು, ಸತ್ತ ಗಂಡ ಎದ್ದು ಬರಬೇಕೆಂದರೆ ಎಬ್ಬಿಸಿದಳು. ಇಷ್ಟಾದರೂ ಶೀರ್ಷಿಕೆಯಲ್ಲಿ ಅವಳ ಹೆಸರು ಕಣ್ಣು ಮಿಟುಕಿಸುವಷ್ಟರಲ್ಲಿ ಮಾಯ. ಪೂಂಗೊಡಿಯ ಹೆಸರೋ, ಮದುವೆ ಮನೆಯ ಬೀಗರ ಹಾಗೆ ಪರದೆ ತುಂಬ ನಿಂತೇ ಇರುತ್ತಿತ್ತು.

ಕೋದೈಯ ಧಾರಾವಾಹಿ ಮುಗಿದು ಅವಳು ಮನೆಯಲ್ಲಿ ಕೂತಿದ್ದಾಗ ಪೂಂಗೊಡಿ ಹೆರಿಗೆಗೆ ಹೋದಳು. ಅವಳ ನಿರ್ಮಾಪಕ ಕೋದೈಯನ್ನು ಕರೆಸಿ, ಒಂದು ವಾರದ ಕಂತು ಬರೆದುಕೊಡಿ, ಹೆಸರು ಅವಳದೇ ಇರಲಿ, ಹೊರಗೆ ಬಾಯಿ ಬಿಡಬೇಡಿ ಎಂದ. ಕೋದೈಗೆ ಮೈಯೆಲ್ಲ ಉರಿಯಿತು. ಆದರೂ ಒಪ್ಪಿದಳು. ಅಮ್ಮ ನೋಡುವುದು ಅದನ್ನೇ ಅಲ್ಲವೇ?

ಇಷ್ಟು ವರ್ಷ ಯಾರಿಗೂ ಕೊಡದೆ ಇಟ್ಟುಕೊಂಡದ್ದನ್ನು ಬರೆದಳು. ಅಪ್ಪ ಅಮ್ಮ ಮಾತು ಬಿಟ್ಟಿದ್ದ ಕಾಲದಲ್ಲಿ ಅಮ್ಮ ಕಾಫಿ ಲೋಟವನ್ನು ದಿನಾ ಅಪ್ಪನ ಮುಂದೆ ಠಣ್ಣೆಂದು ಕುಕ್ಕಿ ಹೋಗುತ್ತಿದ್ದರು. ಅಪ್ಪನನ್ನು ಆಸ್ಪತ್ರೆಗೆ ಕರೆದೊಯ್ಯುವ ಬೆಳಗ್ಗೆ ಮಾತ್ರ ಮೆಲ್ಲಗೆ ಇಟ್ಟರು. ಅಪ್ಪ ತಲೆಯೆತ್ತಿ, "ಇವತ್ತು ಯಾಕೆ ಸದ್ದಿಲ್ಲ?" ಎಂದಿದ್ದರು. ಅವರಿಬ್ಬರ ನಡುವಿನ ಕೊನೆಯ ಮಾತು ಅದು. ಹುಡುಗಿ ಕೋದೈ ಚಾಪೆಯಲ್ಲಿ ನಿದ್ದೆ ನಟಿಸುತ್ತ ಕೇಳಿಸಿಕೊಂಡಿದ್ದಳು.

ಆ ಕಂತು ಬಂದ ಸಂಜೆ ಕೋದೈ ಪರದೆ ನೋಡಲಿಲ್ಲ, ಅಮ್ಮನ ಮುಖ ನೋಡಿದಳು. ರಾಜಾಮಣಿಯಮ್ಮ ಬಟ್ಟಲು ಕೆಳಗಿಟ್ಟು, ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಬಿಕ್ಕಿದರು. ಕೋದೈಯ ಎದೆ ತುಂಬಿ ಬಂತು.

"ಪೂಂಗೊಡಿ ನನ್ನ ಮನಸ್ಸಿನೊಳಗೆ ಹೊಕ್ಕು ನೋಡಿದಾಳೆ ಕಣೇ," ಎಂದರು ಅಮ್ಮ. "ನೀನು ಹುಟ್ಟಿದಾಗಿಂದ ನನ್ನ ಜೊತೆಗಿದ್ದೀಯ. ಒಂದು ದಿನಾನಾದ್ರೂ ಇಂಥದ್ದು ಬರೆದ್ಯಾ?"

ಕೊಟ್ಟ ಮಾತು ಹಾಳಾಗಿ ಹೋಗಲಿ ಎನಿಸಿತು ಕೋದೈಗೆ. "ಅಮ್ಮಾ, ಅದನ್ನ ಬರೆದಿದ್ದು ನಾನೇ," ಎಂದಳು.

ಅಮ್ಮ ಸಿಟ್ಟಾಗಲಿಲ್ಲ. ಕಣ್ಣೊರೆಸಿಕೊಂಡು, ಪುಟ್ಟ ಮಗುವಿಗೆ ಹೇಳುವಂತೆ ಹೇಳಿದರು: "ಹೊಟ್ಟೆಕಿಚ್ಚು ಪಡು, ಬೇಡ ಅನ್ನಲ್ಲ. ಅವಳದನ್ನ ನಂದು ಅಂತ ಮಾತ್ರ ಹೇಳ್ಬೇಡ ಕಂದಾ."

ಅಮ್ಮನನ್ನು ಅಷ್ಟು ಅಳಿಸಿದವಳ ಮೇಲೆ ಕೋದೈಗೆ ಆವತ್ತಿನಷ್ಟು ಹೊಟ್ಟೆಕಿಚ್ಚು ಯಾವತ್ತೂ ಆಗಿರಲಿಲ್ಲ.