ಮೂರು ನಿಮಿಷದ ಓದು

ಬಡಾವಣೆಯವರು ಅವರಿಗೆ ಇಟ್ಟ ಹೆಸರು ರೇಡಿಯೋ ಮೇಜರ್. ಎದುರಿಗೆ ಯಾರೂ ಹಾಗೆ ಕರೆಯುತ್ತಿರಲಿಲ್ಲ. ಆದರೆ ಎರಡು ವರ್ಷ ನಾಲ್ಕು ತಿಂಗಳು ಶತ್ರುವಿನ ಸೆರೆಯಲ್ಲಿದ್ದು ಬಂದವರಿಗೆ ಗೋಡೆಯಾಚೆಯ ಪಿಸುಮಾತನ್ನು ಹಿಡಿಯುವುದು ಯಾರೂ ಕಲಿಸಬೇಕಾದ ವಿದ್ಯೆಯಲ್ಲ.

ಸೇತುವೆ ಉಡಾಯಿಸುವ ಕೆಲಸ ಅವರ ತುಕಡಿಯದಾಗಿತ್ತು. ನಮ್ಮ ಕೊನೆಯ ಲಾರಿ ದಾಟುವ ತನಕ ಕೈ ಹಚ್ಚಬೇಡಿ ಎಂದು ಮೇಲಿನಿಂದ ಅಪ್ಪಣೆ. ಕಾದರು. ಲಾರಿ ಬೇರೆ ದಾರಿ ಹಿಡಿದು ಹೋಗಿ ಆಗಲೇ ಆರು ತಾಸು ಕಳೆದಿತ್ತು. ಹೇಳಬೇಕಾದವರು ಹೇಳಲು ಮರೆತಿದ್ದರು. ಕೊನೆಗೆ ಸೇತುವೆಯನ್ನೇನೋ ಉಡಾಯಿಸಿದರು, ಆದರೆ ತಾವು ತಪ್ಪು ದಡದಲ್ಲಿ ಉಳಿದುಬಿಟ್ಟರು. ಒಂಬತ್ತು ಜನರಲ್ಲಿ ಜೀವಸಹಿತ ಸೆರೆಸಿಕ್ಕವರು ಇಬ್ಬರೇ: ಮೇಜರ್ ಮತ್ತು ಅವರ ಜೀಪಿನ ಡ್ರೈವರ್. ಡ್ರೈವರನ ಮೊಣಕಾಲಿನ ಕೆಳಗೆ ಗುಂಡು ಹೊಕ್ಕಿತ್ತು.

ಅವರನ್ನು ಕೂಡಿಹಾಕಿದ್ದು ಒಂದು ಹಳೆಯ ಹತ್ತಿ ಗಿರಣಿಯಲ್ಲಿ. ಡ್ರೈವರನ ಕಾಲು ಮೊದಲು ಊದಿತು, ಆಮೇಲೆ ಕಪ್ಪಾಯಿತು, ಆಮೇಲೆ ನಾರತೊಡಗಿತು. ಶಿಬಿರದ ಅಧಿಕಾರಿ ಬಲು ಮೃದು ಮಾತಿನವನು. ಟೈಪು ಮಾಡಿದ ಒಂದು ಹಾಳೆ ತಂದು, ಇದನ್ನು ರೇಡಿಯೋದಲ್ಲಿ ಓದಿ, ಮರುದಿನವೇ ಡಾಕ್ಟರ್ ಬರುತ್ತಾರೆ ಎಂದ. ಯುದ್ಧ ತಪ್ಪು, ನಮ್ಮ ಸರ್ಕಾರ ಸುಳ್ಳು ಹೇಳುತ್ತಿದೆ, ನಮ್ಮನ್ನಿಲ್ಲಿ ಚೆನ್ನಾಗಿ ನೋಡಿಕೊಳ್ಳುತ್ತಿದ್ದಾರೆ, ಇಷ್ಟೇ ಅದರಲ್ಲಿದ್ದದ್ದು. ಮೇಜರ್ ಹಾಳೆಯನ್ನು ಹಿಂದಕ್ಕೆ ಕೊಟ್ಟರು. ಹನ್ನೊಂದು ದಿನ ಹಾಗೆಯೇ ಕೊಟ್ಟರು. ಹನ್ನೆರಡನೆಯ ದಿನ ಡ್ರೈವರ್ ಜ್ವರದ ಅಮಲಿನಲ್ಲಿ ಅವರ ಕೈ ಹಿಡಿದು ಅಮ್ಮಾ ಎಂದು ಕರೆಯತೊಡಗಿದಾಗ ಹೋಗಿ ಓದಿದರು. ಮೂರು ನಿಮಿಷ ಹಿಡಿಯಿತು. ಡಾಕ್ಟರ್ ಬಂದು ಕಾಲು ಕತ್ತರಿಸಿದ. ಡ್ರೈವರ್ ಉಳಿದುಕೊಂಡ.

ಇತ್ತ ಮನೆಯಲ್ಲಿ ಅವರ ಹೆಂಡತಿಗೆ 'ನಾಪತ್ತೆ' ಎಂಬ ತಂತಿ ಬಂದು ಮೂರು ವಾರವಾಗಿತ್ತು. ನೆಂಟರು ಆಗಲೇ ಅವರ ಬಗ್ಗೆ 'ಇದ್ದರು, ಮಾಡುತ್ತಿದ್ದರು' ಎಂದು ಮಾತಾಡತೊಡಗಿದ್ದರು. ಅಂದು ಸಂಜೆ ಕೆಳಮನೆಯ ದರ್ಜಿ, ಬೇಗ ಬಾ ತಾಯಿ ಎಂದು ಕೂಗಿದ. ಅವನ ಹೊಲಿಗೆ ಯಂತ್ರದ ಪಕ್ಕದ ರೇಡಿಯೋದಲ್ಲಿ ಗಂಡನ ದನಿ. ಕಷ್ಟದ ಶಬ್ದ ಬಂದಾಗ ಗಂಟಲು ಸರಿಮಾಡಿಕೊಳ್ಳುವ ಅದೇ ಅಭ್ಯಾಸ. ಏನು ಓದಿದರೆಂದು ಅವಳಿಗೆ ಒಂದಕ್ಷರವೂ ತಲೆಗೆ ಹೋಗಲಿಲ್ಲ. ಬದುಕಿದ್ದಾರೆ, ಬದುಕಿದ್ದಾರೆ ಎಂದು ಬರಿಗಾಲಲ್ಲಿ ಬೀದಿಯುದ್ದ ಹೇಳಿಕೊಂಡು ಓಡಿದಳು. ಮೂರು ದಿನದಲ್ಲಿ ಅದೇ ಬೀದಿ ಅವಳನ್ನು ಕಂಡರೆ ಬಾಗಿಲು ಹಾಕಿಕೊಳ್ಳತೊಡಗಿತು.

ಸೆರೆಯಾಳುಗಳ ವಿನಿಮಯವಾಗಿ ಮೇಜರ್ ಮರಳಿದ ವಾರದೊಳಗೆ ವಿಚಾರಣೆ. ಮೇಜಿನ ಹಿಂದೆ ಮೂವರು ಅಧಿಕಾರಿಗಳು. ಅವರಲ್ಲೊಬ್ಬರು ಲಾರಿಯ ಸುದ್ದಿ ಮರೆತ ಅದೇ ಕಚೇರಿಯವರು. ಏಳು ಜೀವ ಹೋದ ಲೆಕ್ಕ ಯಾರಿಗೂ ಬೇಡವಾಗಿತ್ತು, ಆನೆ ಬಿಟ್ಟು ಬಾಲ ಹಿಡಿದಂತೆ ಮೂರು ನಿಮಿಷದ ಓದನ್ನೇ ಹಿಡಿದು ಕೂತರು. ಡ್ರೈವರ್ ಊರುಗೋಲಿನ ಮೇಲೆ ಬಂದು ನಿಂತ. ನಿನಗಾಗಿ ಓದಿದೆ ಎನ್ನುತ್ತಾರಲ್ಲ ಮೇಜರ್, ನಿಜವೇ ಎಂದು ಕೇಳಿದರು. ಅವನು ಗೋಡೆ ನೋಡುತ್ತ ಹೇಳಿದ:

"ಓದಿ ಅಂತ ನಾನೇನೂ ಕೇಳ್ಕೊಂಡಿರಲಿಲ್ಲ, ಸರ್."

ಸುಳ್ಳೇನಲ್ಲ. ಪ್ರಜ್ಞೆ ಇಲ್ಲದವನು ಏನನ್ನು ಕೇಳಿಯಾನು? ಶಿಕ್ಷೆಯೂ ಆಗಲಿಲ್ಲ, ಬಿಡುಗಡೆಯೂ ಆಗಲಿಲ್ಲ. ಸೇವಾ ಪುಸ್ತಕದಲ್ಲಿ ಒಂದು ಷರಾ ಬಿತ್ತು. ಹನ್ನೊಂದು ವರ್ಷ ಬೂಟು ಉಗ್ರಾಣದಲ್ಲಿ ಅಟ್ಟೆ ಬಗ್ಗಿಸಿ, ಹೊಲಿಗೆ ಎಳೆದು ನೋಡುತ್ತ ಕಳೆದರು. ಅವರ ಕೈಕೆಳಗೆ ಕಲಿತವರು ಕರ್ನಲ್‌ಗಳಾಗಿ ಬಂದು, ಬೂಟು ಕಚ್ಚುತ್ತದೆ ಎಂದು ದೂರು ಹೇಳಿ ಹೋದರು. ಮನೆಯಲ್ಲಿ ರೇಡಿಯೋ ಇಡಲಿಲ್ಲ. ಹೆಂಡತಿ ಒಮ್ಮೆ ಮಾತ್ರ ಆ ಮಾತೆತ್ತಿದ್ದಳು. "ಅವರಿಗೆ ಅದು ದ್ರೋಹ. ನನಗೆ ಅದು ತಾಳಿ ಉಳೀತು ಅನ್ನೋ ಸುದ್ದಿ. ನಾನ್ಯಾರಿಗೆ ಹೇಳ್ಕೊಳ್ಲಿ?"

ನಿವೃತ್ತರಾದ ಎರಡನೆಯ ವರ್ಷ ಡ್ರೈವರ್ ಬಾಗಿಲಿಗೆ ಬಂದ. ಕೂದಲು ನೆರೆತಿತ್ತು, ಮರದ ಕಾಲು. ಗಾಯಾಳು ಸೈನಿಕರಿಗೆ ಮನೆ ಕೊಡುತ್ತಾರಂತೆ. ಇವನ ಕಾಲು ಹೋದದ್ದು ಯುದ್ಧದಲ್ಲಲ್ಲ, ಶಿಬಿರದಲ್ಲಿ ಎಂದು ಕಚೇರಿಯವರು ಅರ್ಜಿ ತಿರುಗಿಸಿದ್ದರು. ಗುಂಡು ಬಿದ್ದದ್ದನ್ನು ಕಣ್ಣಾರೆ ಕಂಡ ಅಧಿಕಾರಿಯ ರುಜು ಬೇಕಿತ್ತು. ಹೆಂಡತಿ ಅಡುಗೆಮನೆಯಿಂದ ಹೊರಬರಲಿಲ್ಲ. ಮೇಜರ್ ಕನ್ನಡಕ ಹುಡುಕಿ, ಪೂರ್ತಿ ಓದಿ, ರುಜು ಹಾಕಿದರು.

"ಅವತ್ತು ವಿಚಾರಣೇಲಿ ನಿಮ್ಮ ಪರ ಮಾತಾಡಿದ್ರೆ ನನ್ನನ್ನೂ ನಿಮ್ಮ ಜೊತೆ ಸೇರಿಸ್ತೀವಿ ಅಂದಿದ್ರು," ಎಂದ ಡ್ರೈವರ್.

"ಅಂದಿರ್ತಾರೆ," ಎಂದರು ಮೇಜರ್. ಕ್ಷಮಿಸಿದೆ ಎನ್ನಲಿಲ್ಲ.

ಎರಡು ತಿಂಗಳ ಮೇಲೆ ಕಚೇರಿಯ ಉತ್ತರ ಹಿಡಿದು ಡ್ರೈವರ್ ಮತ್ತೆ ಬಂದ. ಸಾಕ್ಷಿದಾರರ ಸೇವಾ ಪುಸ್ತಕದಲ್ಲಿ ಪ್ರತಿಕೂಲ ಷರಾ ಇರುವುದರಿಂದ ಅವರ ಹೇಳಿಕೆಯನ್ನು ಪರಿಗಣಿಸಲಾಗದು. ಮೇಜರ್ ಎರಡು ಸಲ ಓದಿದರು. ಅಂದು ಅವನ ಒಂದು ಮಾತಿನಿಂದ ಬಿದ್ದ ಷರಾ ಅದು. ಇಂದು ಅವನ ಮನೆಯನ್ನೇ ನುಂಗಿತ್ತು. ಹಗೆಯಾಗಿದ್ದರೆ ನಗಬಹುದಿತ್ತು. ನಗು ಬರಲಿಲ್ಲ.

"ಬೇರೆ ಯಾರಾದ್ರೂ ನೋಡಿದವರು..." ಎಂದು ಶುರುಮಾಡಿದರು.

"ಅವರೆಲ್ಲ ಆ ದಡದಲ್ಲೇ ಇದ್ದಾರಲ್ಲ, ಸರ್."

ಆಮೇಲೆ ಡ್ರೈವರ್ ಆಗಾಗ ಬರುತ್ತಿದ್ದ. ಇಬ್ಬರೂ ಜಗುಲಿಯಲ್ಲಿ ಕೂತಿರುತ್ತಿದ್ದರು. ಹೊತ್ತಾದರೆ ಹೆಂಡತಿ ಅವನಿಗೂ ತಟ್ಟೆ ಹಾಕುತ್ತಿದ್ದಳು, ಎರಡನೆಯ ಸಲವೂ ಅವನು ಕೇಳದೆಯೇ ಬಡಿಸುತ್ತಿದ್ದಳು. ಆದರೆ ಮಾತಾಡಿಸಲಿಲ್ಲ. ಕೊನೆಯ ತನಕ ಅವನೊಡನೆ ಒಂದು ಮಾತೂ ಆಡಲಿಲ್ಲ.