ಉಪ್ಪಿನ ಮೇಲೆ ಬಳಿದ ಬೂದು

ಹಡಗಿಗೆ ಬಣ್ಣ ಬಳಿಯುವವನಿಗೆ ಬ್ರಷ್ಷಿಗಿಂತ ಮೊದಲು ನಾಲಿಗೆ ಬೇಕು. ತೊಳೆದ ತಗಡನ್ನು ಬೆರಳಿನಿಂದ ಉಜ್ಜಿ, ಆ ಬೆರಳನ್ನು ನಾಲಿಗೆಗೆ ಮುಟ್ಟಿಸಬೇಕು. ಉಪ್ಪೆನಿಸಿದರೆ ಸಿಹಿನೀರಿನಲ್ಲಿ ಮತ್ತೆ ತೊಳೆಯಬೇಕು. ಇಲ್ಲವಾದರೆ ಬಣ್ಣ ಎಷ್ಟೇ ದುಬಾರಿಯದಾಗಿರಲಿ, ಗುಳ್ಳೆಯೆದ್ದು ಹಾಳೆಹಾಳೆಯಾಗಿ ಕಳಚುತ್ತದೆ. ನಮ್ಮ ಬಂದರಿನ ಬಣ್ಣದಣ್ಣ ಹೀಗೆ ಉಪ್ಪು ನೆಕ್ಕಿಯೇ ಸಂಸಾರ ಸಾಕಿದವನು. ಇವನ ಊಟಕ್ಕೆ ಬೇರೆ ಉಪ್ಪು ಬೇಕಿಲ್ಲ ಎಂದು ಜೊತೆಯವರು ಕಿಚಾಯಿಸುತ್ತಿದ್ದರು.

ಅವನ ತಮ್ಮ ಸರಕು ಹಡಗೊಂದರಲ್ಲಿ ಅಡುಗೆಯವ. ಕಿತ್ತಳೆ ಬಣ್ಣದ ಹಳೆಯ ಹಡಗು. ಗೋಧಿ, ಸಿಮೆಂಟು, ಒಮ್ಮೊಮ್ಮೆ ಕುರಿ ಹೊತ್ತು ತಿರುಗುತ್ತಿತ್ತು. ಯುದ್ಧ ಶುರುವಾದದ್ದೇ ತಡ, ಸರ್ಕಾರ ಅದನ್ನು ವಶಕ್ಕೆ ತೆಗೆದುಕೊಂಡಿತು. ಗೋಧಿ ಮೂಟೆಗಳಿದ್ದ ಅದರ ಹೊಟ್ಟೆಯಲ್ಲಿ, ಯುದ್ಧನೌಕೆಗಳಿಗೆ ಒಯ್ಯುವ ಮದ್ದುಗುಂಡಿಗೆಂದು ಕಬ್ಬಿಣದ ಗೂಡುಗಳೆದ್ದವು. ಮೇಲೆ ಎರಡು ಫಿರಂಗಿ ಕೂತವು. ಕತ್ತೆಗೆ ಕೊಂಬು ಕಟ್ಟಿ ಗೂಳಿ ಎಂದ ಹಾಗೆ. ಪೇಪರಿನವರು 'ಸರಕು ಹಡಗಿಗೆ ವೀರಪಟ್ಟ' ಎಂದು ಬರೆದರು. ಒಳಗಿದ್ದ ಅಡುಗೆಯವನನ್ನು ಯಾರೂ ಏನೂ ಕೇಳಲಿಲ್ಲ. ಹಡಗಿನ ಜೊತೆ ಪಾತ್ರೆಪಗಡ ಹೋದಂತೆ ಅವನೂ ಹೋದ.

ನಡುವೆ ಇಳಿದರೆ ಜೈಲು. ಒಂದೇ ಒಂದು ಕಿಂಡಿ ಇತ್ತು: ತಮ್ಮನ ಕರಾರು ತಿಂಗಳ ಕೊನೆಗೆ ಮುಗಿಯುತ್ತಿತ್ತು. ಅಲ್ಲಿಯವರೆಗೆ ಹಡಗು ಬಂದರಿನಲ್ಲೇ ಇದ್ದರೆ ಅವನು ಇಳಿದು ಮನೆಗೆ ಬರಬಹುದು. ಅಷ್ಟರೊಳಗೆ ಹೊರಟುಬಿಟ್ಟರೆ, ಅದು ಮರಳುವ ತನಕ ಅವನೂ ಅದರದೇ ಸ್ವತ್ತು.

ಶತ್ರುವಿನ ಕಣ್ಣಿಗೆ ಬೀಳದಂತೆ ಕಿತ್ತಳೆಯ ಮೇಲೆ ಬೂದು ಬಳಿಯುವ ಕೆಲಸ ಬಣ್ಣದಣ್ಣನ ಪಾಲಿಗೇ ಬಿತ್ತು. ತಮ್ಮನ ಹೆಂಡತಿ ಊಟದ ಡಬ್ಬಿ ಕೊಡುತ್ತಾ, ನೆಲ ನೋಡಿಕೊಂಡು ಕೇಳಿದಳು: "ಭಾವ, ನೀವು ಮನಸ್ಸು ಮಾಡಿದ್ರೆ ಸ್ವಲ್ಪ ತಡ ಆಗುತ್ತೆ ಅಲ್ವಾ?"

ಅವನು ಮನಸ್ಸು ಮಾಡಿದ. ಬೆರಳು ನಾಲಿಗೆಗಿಟ್ಟ, ಉಪ್ಪಿತ್ತು. ತೊಳೆದದ್ದು ಸಾಕೆಂದು ಜೊತೆಯವರಿಗೆ ಹೇಳಿ ಅದರ ಮೇಲೆಯೇ ಬಳಿದ. ಅವನ ಲೆಕ್ಕ ಸರಳ. ತಪಾಸಣೆಯವರು ಎಂದಿನಂತೆ ಚಾಕುವಿನಿಂದ ಗೀರಿ, ಟೇಪು ಅಂಟಿಸಿ ಕೀಳುತ್ತಾರೆ. ಟೇಪಿನ ಜೊತೆಗೇ ಬಣ್ಣ ಬರುತ್ತದೆ. ಪೂರ್ತಿ ಹೆರೆದು ಮತ್ತೆ ಬಳಿ ಎಂದು ಉಗಿಯುತ್ತಾರೆ. ಅಷ್ಟು ಹೊತ್ತಿಗೆ ತಿಂಗಳು ಮುಗಿದಿರುತ್ತದೆ. ಇಷ್ಟು ವರ್ಷದ ಹೆಸರು ಹೋಗುತ್ತದೆ, ಹೋಗಲಿ.

ತಪಾಸಣೆಗೆ ಬಂದ ನೌಕಾಪಡೆಯ ಅಧಿಕಾರಿ ಜೀಪಿನಿಂದ ಇಳಿಯಲೇ ಇಲ್ಲ. ಕೂತಲ್ಲಿಂದಲೇ ಒಮ್ಮೆ ಕತ್ತು ತಿರುಗಿಸಿ, ಬೂದಾಗಿದೆಯಲ್ಲ ಸಾಕು, ನಾಳೆ ಬೆಳಿಗ್ಗೆ ಹೊರಡಲಿ ಎಂದ.

ತಡವಾಗುವುದು ಹಾಗಿರಲಿ, ನಡುಸಮುದ್ರದಲ್ಲಿ ಬೂದು ಕಳಚಿ ಕಿತ್ತಳೆ ಹೊರಬಿದ್ದರೆ ಶತ್ರುವಿಮಾನವನ್ನು ಕೈಬೀಸಿ ಕರೆದಂತೆ. ಬಣ್ಣದಣ್ಣ ಜೀಪಿನ ಬಳಿ ಓಡಿ ಕೈಮುಗಿದ.

"ಸಾರ್, ಉಪ್ಪು ತೊಳೀದೆ ಹೊಡೆದಿದ್ದೀನಿ. ಬೇಕಂತಲೇ. ಕಿತ್ತು ಬರುತ್ತೆ ಸಾರ್. ನನ್ನನ್ನ ಜೈಲಿಗೆ ಹಾಕಿ, ಆದ್ರೆ ಹೆರೆಸಿ ಮತ್ತೆ ಹೊಡೆಸಿ."

ಅಧಿಕಾರಿ ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೂ ಚೆನ್ನಾಗಿತ್ತು.

"ಯುದ್ಧಕ್ಕೆ ಹೋಗೋದು ಕಣಯ್ಯಾ, ಮದುವೆಗಲ್ಲ. ಕಿತ್ತು ಬಂದ್ರೆ ಬರಲಿ. ವಾಪಸ್ ಬಂದ್ಮೇಲೆ ಹೊಡಿ."

ಮೇಸ್ತ್ರಿಯ ಬಳಿ ಹೋದರೆ, ಬಾಯಿ ಮುಚ್ಚಿಕೊಂಡಿರು, ನಿನ್ನ ಜೊತೆ ನನ್ನ ತಲೆಯೂ ಹೋಗುತ್ತದೆ ಎಂದ.

ಬೆಳಿಗ್ಗೆ ಹಡಗು ಹೊರಟಾಗ ಬಣ್ಣದಣ್ಣ ದಡದಲ್ಲಿ ನಿಂತಿದ್ದ. ತಮ್ಮ ಅಡುಗೆಮನೆಯ ಕಿಂಡಿಯಿಂದ ಅರ್ಧ ಮೈ ಹೊರಚಾಚಿ, ಸೌಟಿನಿಂದ ಹಡಗಿನ ಪಕ್ಕೆಗೆ ಬಡಿದು, ಪಕ್ಕದವನಿಗೆ ಜೋರಾಗಿ ಹೇಳುತ್ತಿದ್ದ: "ನಮ್ಮಣ್ಣ ಹೊಡೆದ ಬಣ್ಣ ಕಣೋ ಇದು. ಸಮುದ್ರ ಬತ್ತಿದ್ರೂ ಇದು ಹೋಗಲ್ಲ."

ಉಪ್ಪಿನ ವಿಷಯ ಈಗ ಹೇಳಿದರೆ ತಮ್ಮನೇನೂ ಇಳಿಯಲಾರ. ದಾರಿಬುತ್ತಿಗೆ ಭಯ ಕಟ್ಟಿಕೊಟ್ಟಂತೆ ಅಷ್ಟೇ. ಸುಮ್ಮನೆ ಕೈ ಎತ್ತಿದ.

ಹಡಗು ಮರಳಲಿಲ್ಲ. ಜೊತೆಗೆ ಹೋಗಿದ್ದ ಇನ್ನೊಂದು ಹಡಗಿನ ಕೂಲಿಯಾಳು ಬಂದು ಹೇಳಿದ್ದಿಷ್ಟು: ಮೂತಿಯ ಹತ್ತಿರ ಗಾಯದ ಹಕ್ಕಳೆ ಎದ್ದಂತೆ ಬೂದು ಎದ್ದು ಕಿತ್ತಳೆ ಕಾಣುತ್ತಿತ್ತು. ವಿಮಾನ ಬಂದದ್ದು ಮಟಮಟ ಮಧ್ಯಾಹ್ನ. ಕಿತ್ತಳೆ ನೋಡಿಯೇ ಬಂತೋ, ಬೂದೇ ಇದ್ದಿದ್ದರೂ ಬರುತ್ತಿತ್ತೋ, ಯಾರಿಗೆ ಗೊತ್ತು. ಗೊತ್ತಿಲ್ಲದಿರುವುದೇ ಬಣ್ಣದಣ್ಣನಿಗೆ ಶಿಕ್ಷೆ. ಜೀಪಿನಲ್ಲಿ ಕೂತೇ ಪಾಸು ಮಾಡಿದವನಿಗೆ ಬಡ್ತಿಯಾಗಿದೆ. ಬಂದರಿನ ಬಾಗಿಲಲ್ಲಿ ನಿಲ್ಲಿಸಿದ ಕಲ್ಲಿನ ಮೇಲೆ ಫಿರಂಗಿ ಹಾರಿಸುವವರ ಹೆಸರಿದೆ, ಅಡುಗೆಯವನದಿಲ್ಲ. ಅವನು ಸೈನಿಕನಲ್ಲವಂತೆ. ಈ ಮಾತನ್ನು ಬಾಂಬಿಗೆ ಯಾರಾದರೂ ಮೊದಲೇ ಹೇಳಬೇಕಿತ್ತು.

ತಮ್ಮನ ಹೆಂಡತಿ ಈಗಲೂ ಬಣ್ಣದಣ್ಣನಿಗೆ ಡಬ್ಬಿ ಕಟ್ಟುತ್ತಾಳೆ. ಅಂದು ತಾನು ಕೇಳಿದ್ದನ್ನು ಅವಳು ಎತ್ತುವುದಿಲ್ಲ, ತಾನು ಮಾಡಿದ್ದನ್ನು ಅವನೂ ಎತ್ತುವುದಿಲ್ಲ.

ಮೊನ್ನೆ ಬಣ್ಣದಣ್ಣ ಮತ್ತೊಂದು ಸರಕು ಹಡಗನ್ನು ಬೂದು ಮಾಡಲು ನಿಂತಿದ್ದ. ತಗಡು ಉಜ್ಜಿ ಬೆರಳನ್ನು ನಾಲಿಗೆಗಿಟ್ಟ. "ಇನ್ನೂ ಇದೆ, ನೀರು ಬಿಡ್ರೋ." ತೊಳೆದರು. ಮತ್ತೆ ಬೆರಳಿಟ್ಟ. "ಇನ್ನೂ ಇದೆ." ಮತ್ತೆ ತೊಳೆದರು. ಕೊನೆಗೆ ಜೊತೆಯವರೂ ಒಬ್ಬೊಬ್ಬರಾಗಿ ಬೆರಳು ಉಜ್ಜಿ ನೆಕ್ಕಿ ನೋಡಿ, ಮುಖ ಮುಖ ನೋಡಿಕೊಂಡರು. ಅವರ ಯಾರ ನಾಲಿಗೆಗೂ ಉಪ್ಪು ಸಿಗಲಿಲ್ಲ.